ಹುಲಿಗೆವ್ವನ ಹೆಜ್ಜೆ

ಮೊನ್ನೆ ಸಂಜೆ ಮೆಂತ್ಯದ ಸೊಪ್ಪು ತೆಗೆದುಕೊಂಡು ಬರುವಾಗ ನಮ್ಮ ಅಪಾರ್ಟ್‌ಮೆಂಟಿನ ಕೆಳಗಿನ ಹಾಲ್‌ನಿಂದ ಗೆಜ್ಜೆ ಸದ್ದು ಕೇಳಿಸಿತು. ಗಣಪತಿ ಹಬ್ಬದ ಕಾರ್ಯಕ್ರಮಕ್ಕೆ ಮಕ್ಕಳು ತಾಲೀಮು ಮಾಡುವ ದಿನಗಳು. ಗೆಜ್ಜೆ ಕೇಳಿಸಿದರೆ ನನ್ನ ಕಾಲು ಇಂದಿಗೂ ತಾನಾಗಿಯೇ ನಿಲ್ಲುತ್ತದೆ. ಬಾಗಿಲಲ್ಲಿ ಇಣುಕಿದೆ. ನಾಲ್ಕನೇ ಮಹಡಿಯ ಬೀದರಿನವರ ಮಗಳು ಶ್ರೀನಿಧಿ ಒಬ್ಬಳೇ ಕುಣಿಯುತ್ತಿದ್ದಳು. ಒಂದು ಸುತ್ತು ತಿರುಗಿ ಬಲಗಾಲು ಊರಿದಳು. ಊರಿದ್ದೇ ಮೊಣಕಾಲು ಸಡಿಲ ಬಿಟ್ಟಂತಾಗಿ ಮೈ ಒಂದು ಪಕ್ಕಕ್ಕೆ ಕುಸಿಯಿತು. ತಾಳ ಮುಂದೆ ಹೋಯಿತು, ಹುಡುಗಿ ಹಿಂದೆ ಉಳಿದಳು. ಆಮೇಲೆ ಎಡಗಾಲನ್ನು ನೆಲದ ಮೇಲೆ ಎಳೆದು ತಂದು, ಅರ್ಧ ಮಾತ್ರೆ ತಡವಾಗಿ ಧಪ್ಪನೆ ಇಟ್ಟಳು.

ನಾನು ಒಳಗೆ ನುಗ್ಗಿದೆ.

"ಇದನ್ನ ಯಾರು ಕಲಿಸಿದ್ರು ನಿನಗ?" ಎಂದೆ. ದನಿ ಜೋರಾಗಿತ್ತೆಂದು ಕಾಣುತ್ತದೆ, ಹುಡುಗಿ ಬೆದರಿ ನಿಂತಳು.

"ನಮ್ಮ ಮೇಡಂ ಆಂಟಿ. ಭಾಳ ಹಳೇ ಸ್ಟೆಪ್ ಅಂತ. ಐನೂರು ವರ್ಷದ್ದಂತ. ಇದಕ್ಕ ನತಜಾನು ಅಂತಾರ. ಇಲ್ಲಿ ಸ್ವಲ್ಪ ನಗಬೇಕು ಅಂದಾರ," ಎಂದು ಇನ್ನೊಮ್ಮೆ ಮಾಡಿ ತೋರಿಸಿದಳು. ನಗುತ್ತಲೇ ತೋರಿಸಿದಳು.

ನಾನು ಸೊಪ್ಪಿನ ಚೀಲವನ್ನು ಕುರ್ಚಿಯ ಮೇಲಿಟ್ಟು ಗೋಡೆಗೆ ಒರಗಿದೆ. ಆ ಹೆಜ್ಜೆಯನ್ನು ಮೊಟ್ಟಮೊದಲು ಕಾಗದದ ಮೇಲೆ ಗೆರೆ ಎಳೆದು ಬರೆದವಳು ನಾನು. ಅದಕ್ಕೆ ಆ ಸಂಸ್ಕೃತದ ಹೆಸರು ಇಟ್ಟವರು ನಮ್ಮ ಗಬ್ಬೂರ ಸರ್. ಅದು ಹುಟ್ಟಿದ್ದು ಇದೇ ಮಾದಾಪುರದಲ್ಲಿ, ಈ ಹಾಲ್‌ನಿಂದ ಕೂಗಿದರೆ ಕೇಳಿಸುವಷ್ಟು ದೂರದಲ್ಲಿ.

ಎರಡು ಸಾವಿರನೇ ಇಸವಿ ಬಂದರೆ ಕಂಪ್ಯೂಟರುಗಳೆಲ್ಲ ಕೆಡುತ್ತವೆ, ವೈಟುಕೆ ಎಂದು ಲೋಕವೆಲ್ಲ ಗಾಬರಿಯಾಗಿ, ಕೊನೆಗೆ ಏನೂ ಆಗದೆ ಎಲ್ಲರೂ ಪೆಚ್ಚಾದರಲ್ಲ, ಅದೇ ವರ್ಷ. ಅಮೀರ್‌ಪೇಟೆಯ ಗೋಡೆಗಳ ಮೇಲೆ ಕಂಪ್ಯೂಟರ್ ಕ್ಲಾಸುಗಳ ಬೋರ್ಡುಗಳು ಒಂದರ ಮೇಲೊಂದು ಏರಿ ಕಿಟಕಿಗಳನ್ನೂ ಮುಚ್ಚಿದ್ದವು. ನನ್ನ ಜೊತೆ ಓದಿದವರೆಲ್ಲ ಜಾವಾ ಕಲಿಯುತ್ತಿದ್ದರು. ನಾನು ಮಾತ್ರ ಸನತ್‌ನಗರದ ಒಂದು ಸಣ್ಣ ಕಾರ್ಖಾನೆಯಲ್ಲಿ ಡ್ರಾಫ್ಟಿಂಗ್ ಬೋರ್ಡಿನ ಮುಂದೆ ಕೂತು ವಾಲ್ವುಗಳ ನಕ್ಷೆ ಬರೆಯುತ್ತಿದ್ದೆ. ಅಪ್ಪ ರಕ್ಷಣಾ ಇಲಾಖೆಯ ಕಾರ್ಖಾನೆಯಲ್ಲಿದ್ದರು. ಧಾರವಾಡದಿಂದ ವರ್ಗವಾಗಿ ಈ ನಿಜಾಮರ ಊರಿಗೆ ಬಂದವರು ಇಲ್ಲೇ ಬೇರು ಬಿಟ್ಟಿದ್ದರು. ಮನೆಯೊಳಗೆ ಕನ್ನಡ, ಬಾಗಿಲು ದಾಟಿದರೆ ತೆಲುಗು, ಆಟೋ ಹತ್ತಿದರೆ ಹಿಂದಿ. ಹತ್ತನೇ ತರಗತಿಯವರೆಗೆ ಭರತನಾಟ್ಯ ಕಲಿತಿದ್ದೆ. ಮುಂದೆ ಅದು ನಿಂತಿತು, ನೋಡುವ ಹುಚ್ಚು ನಿಲ್ಲಲಿಲ್ಲ.

ಆ ಹುಚ್ಚಿನಿಂದಲೇ ಹಣಮಂತರಾವ್ ಗಬ್ಬೂರ ಅವರ ಪರಿಚಯವಾಯಿತು. ರಾಯಚೂರು ಕಡೆಯವರು, ಕಾಲೇಜಿನಲ್ಲಿ ಇತಿಹಾಸ ಪಾಠ ಮಾಡಿ ನಿವೃತ್ತರಾದವರು. ಇಂಗ್ಲಿಷ್ ಪತ್ರಿಕೆಯೊಂದರಲ್ಲಿ ಪ್ರತಿ ಶುಕ್ರವಾರ ನೃತ್ಯವಿಮರ್ಶೆ ಬರೆಯುತ್ತಿದ್ದರು. ಊರಿನ ನರ್ತಕಿಯರಿಗೆಲ್ಲ ಅವರೆಂದರೆ ನಡುಕ. ಕಾರ್ಯಕ್ರಮಕ್ಕೆ ಮುಂಚೆ ಯಾರಾದರೂ ಕಾಫಿ ತಂದುಕೊಟ್ಟರೆ, "ಆಮ್ಯಾಲ ಕುಡೀತೀನಿ, ಕುಡಿಯೋ ಹಂಗ ಕುಣದ್ರ," ಎನ್ನುತ್ತಿದ್ದರು. ಮೂರನೇ ಸಾಲಿನ ತುದಿಯ ಕುರ್ಚಿ ಅವರದು. ಪರದೆ ಮೇಲೆದ್ದ ಕೂಡಲೇ ಆಮಂತ್ರಣ ಪತ್ರಿಕೆಯನ್ನು ಉದ್ದಕ್ಕೆ ಮಡಚಿ ಕಣ್ಣಿನೆದುರು ಅಡ್ಡ ಹಿಡಿಯುವರು. ಹಾಗೆ ಹಿಡಿದರೆ ಕುಣಿಯುವವಳ ಸೊಂಟದ ಮೇಲಿನದು ಕಾಣುವುದಿಲ್ಲ, ಕಾಲಷ್ಟೇ ಕಾಣುತ್ತದೆ. ಮೊದಲ ಸಲ ನೋಡಿದಾಗ ನನಗೆ ನಗು ತಡೆಯಲಾಗಲಿಲ್ಲ.

"ನಗಬ್ಯಾಡವಾ," ಎಂದಿದ್ದರು. "ಮುಖಾ ಸುಳ್ಳು ಹೇಳ್ತದ. ಒಂದೀಟು ಕಾಡಿಗಿ, ಒಂದೀಟು ನಗು, ನಾವು ಮೋಸ ಹೋದ್ವಿ. ಕಾಲು ಸುಳ್ಳು ಹೇಳೂದಿಲ್ಲ. ಮೊದಲ ಕಾಲು ನೋಡೂದ ಕಲಿ."

ಕಲಿತೆ. ನನ್ನ ಗೆರೆ ನೆಟ್ಟಗೆ ಬರುತ್ತದೆಂದು ತಿಳಿದ ಮೇಲೆ ಹೆಜ್ಜೆಗಳ ಚಿತ್ರ ಬರೆಯುವ ಕೆಲಸವನ್ನು ನನಗೇ ಕೊಟ್ಟರು. ವಿಮರ್ಶೆ ಅವರ ವಾರದ ಕೆಲಸ, ಜೀವಮಾನದ ಕೆಲಸ ಬೇರೆ ಇತ್ತು. ನಿಜಾಮರ ಕಾಲದಲ್ಲಿ ರಾಯಚೂರು, ಗುಲಬರ್ಗಾ ಕಡೆಯ ಸಣ್ಣಪುಟ್ಟ ದೇಸಾಯರ ವಾಡೆಗಳಲ್ಲಿ ನಡೆಯುತ್ತಿದ್ದ ಕುಣಿತದ ಚರಿತ್ರೆ ಬರೆಯುತ್ತಿದ್ದರು. ಅದನ್ನು ಯಾರೂ ಬರೆದಿರಲಿಲ್ಲ. ಕುಣಿಯುವಾಗ ಹಾಡುತ್ತಿದ್ದ ಪದಗಳ ಹೆಸರುಗಳು ಸಿಕ್ಕಿದ್ದವು, ಕುಣಿದವರ ಹೆಸರುಗಳೂ ಸಿಕ್ಕಿದ್ದವು, ಆದರೆ ಕುಣಿದವರಲ್ಲಿ ಬದುಕಿರುವ ಒಬ್ಬಳೂ ಸಿಕ್ಕಿರಲಿಲ್ಲ. ಎಷ್ಟೋ ಬೇಸಗೆ ಬಸ್ಸಿನಲ್ಲಿ ಆ ಹಳ್ಳಿಗಳನ್ನೆಲ್ಲ ಅಲೆದು ಬರಿಗೈಯಲ್ಲಿ ಬಂದಿದ್ದರು. ಕುಣಿತವನ್ನು ಕಣ್ಣಾರೆ ಕಾಣದೆ ಅದರ ಚರಿತ್ರೆ ಬರೆಯುವುದು ಹೇಗೆ ಎಂಬುದೇ ಅವರಿಗೆ ಕೊರಗು.

ಸಿಕ್ಕಿದ್ದು ನನಗೆ, ಅದೂ ಕಾರ್ಖಾನೆಯಲ್ಲಿ. ನಮ್ಮ ಶೆಡ್ಡಿನ ನೆಲ ಕಿತ್ತುಹೋಗಿ ರಿಪೇರಿಗೆ ಗೌಂಡಿಗಳು ಬಂದಿದ್ದರು. ಅವರಲ್ಲಿ ಮಲ್ಲಪ್ಪ ಎಂಬವನು ಕನ್ನಡದಲ್ಲಿ ಯಾರನ್ನೋ ಬೈಯುವುದು ಕೇಳಿ ನಾನು ಮಾತಾಡಿಸಿದೆ. ಊರು, ಕೇರಿ ಎಲ್ಲ ಆಯಿತು. ದೇಸಾಯರ ವಾಡೆ ಎಂಬ ಮಾತು ಬಂದಾಗ ಅವನು ಸಹಜವಾಗಿ ಹೇಳಿದ, "ನಮ್ಮ ದೊಡ್ಡತ್ತಿ ಅಲ್ಲೇ ಕುಣೀತಿದ್ದಳ್ರಿ ಅಕ್ಕಾರ. ಸಣ್ಣಾಕಿದ್ದಾಗ. ಈಗ ನಮ್ಮ ಕೂಡ ಇಲ್ಲೇ ಮಾದಾಪುರದಾಗ ಅದಾಳ."

ಗಬ್ಬೂರ ಸರ್‌ಗೆ ಇದನ್ನು ಹೇಳಿದಾಗ ಅವರು ಚಪ್ಪಲಿ ಮೆಟ್ಟುತ್ತಿದ್ದರು. ಒಂದು ಕಾಲಿಗೆ ಹಾಕಿಕೊಂಡು, ಇನ್ನೊಂದನ್ನು ಕೈಯಲ್ಲಿ ಹಿಡಿದು ಹಾಗೇ ನಿಂತುಬಿಟ್ಟರು. ತಾವು ರಾಯಚೂರಿನ ಬಿಸಿಲಲ್ಲಿ ಹುಡುಕಿದ ಹೆಂಗಸು ಎರಡು ಸಿಟಿಬಸ್ಸಿನ ದೂರದಲ್ಲಿದ್ದಳು.

ಅದು ಏಪ್ರಿಲ್. ಮಾದಾಪುರದಲ್ಲಿ ಆಗ ಬಂಡೆ ಒಡೆಯುತ್ತಿದ್ದರು. ಸೀಟಿ ಊದುವರು, ರಸ್ತೆಯಲ್ಲಿ ಎಲ್ಲರನ್ನೂ ನಿಲ್ಲಿಸುವರು, ಮದ್ದು ಸಿಡಿಯುವುದು, ಕಾಲಡಿ ನೆಲ ನಡುಗುವುದು, ಆಮೇಲೆ ಬಿಳಿ ಧೂಳು. ಅದರ ನಡುವೆ ಗಾಜಿನ ಕಟ್ಟಡಗಳು ಒಂದೊಂದಾಗಿ ಏಳುತ್ತಿದ್ದವು. ಅವುಗಳ ಹಿಂದೆ ತಗಡಿನ ಗುಡಿಸಲುಗಳ ಸಾಲು. ಕೊನೆಯ ಗುಡಿಸಲಿನ ಹೊಸ್ತಿಲಲ್ಲಿ ಹುಲಿಗೆವ್ವ ಕೂತು ಅಕ್ಕಿ ಆರಿಸುತ್ತಿದ್ದಳು. ಎಪ್ಪತ್ತರ ಹತ್ತಿರದವಳು, ಗಿಡ್ಡ ದೇಹ, ದೊಡ್ಡ ಕಣ್ಣು, ಕೈಬೆರಳುಗಳು ಮಾತ್ರ ವಯಸ್ಸಾಗುವುದನ್ನು ಮರೆತಂತಿದ್ದವು.

ಸರ್ ಕೇಳಿದ್ದಕ್ಕೆಲ್ಲ ಅವಳು ಉತ್ತರ ಕೊಟ್ಟಳು. ವಾಡೆಯಲ್ಲಿ ಯಾವ ಪದ ಹೆಚ್ಚು ಕೇಳುತ್ತಿದ್ದರು ಎಂದರೆ, "ಯಾಕ ನಿಂತೀಯೋ ಹೊಸ್ತಿಲದಾಗ ಅಂತ ಒಂದೈತ್ರಿ," ಎಂದು ಸಣ್ಣಗೆ ಹಾಡತೊಡಗಿದಳು. ಮೊರವನ್ನು ಪಕ್ಕಕ್ಕಿಟ್ಟು ಕೂತಲ್ಲಿಂದಲೇ ಒಂದು ಕೈ ಎತ್ತಿದಳು. ಸರ್ ತಡೆದರು.

"ಹಂಗಲ್ಲವಾ. ಎದ್ದು ನಿಂತು ಮಾಡ್ರಿ. ನಾವು ಕಾಲು ನೋಡಬೇಕು."

"ನಿಂತು ಮಾಡ್ಲ್ಯಾ?" ಎಂದಳು.

"ಹೂಂ, ನಿಂತು."

ಅವಳು ಬಾಗಿಲ ಚೌಕಟ್ಟು ಹಿಡಿದು ಎದ್ದಳು. ಹಾಡುತ್ತ ಒಂದು ಸುತ್ತು ಬಂದಳು. ಬಲಗಾಲು ಊರಿದಾಗ ಮೊಣಕಾಲು ಮಡಚಿ ಮೈ ಪಕ್ಕಕ್ಕೆ ವಾಲಿತು. ಎಡಗಾಲು ಎಳೆದುಕೊಂಡು ಬಂದು ತಡವಾಗಿ ಧಪ್ಪೆಂದಿತು.

"ಆಹಾ!" ಎಂದರು ಸರ್.

ಯಾರ ಕುಣಿತಕ್ಕೂ ಅವರು ಆಹಾ ಎಂದದ್ದನ್ನು ನಾನು ಕೇಳಿರಲಿಲ್ಲ. ಹುಲಿಗೆವ್ವ ಕೂಡ ಯಾರಿಗೆ ಹೇಳಿದರೋ ಎಂಬಂತೆ ಹಿಂದೆ ತಿರುಗಿ ನೋಡಿದಳು. "ಇನ್ನೊಮ್ಮೆ ಮಾಡ್ರಿ," ಎಂದರು. ಮಾಡಿದಳು. "ಇನ್ನೊಮ್ಮೆ." ಮತ್ತೆ ಮಾಡಿದಳು. ಬಸ್ಸಿನಲ್ಲಿ ಬರುವಾಗ ಸರ್ ನನ್ನ ಕೈ ಹಿಡಿದು ಕುಲುಕಿದರು. "ನೋಡಿದ್ಯಾ? ತಾಳಕ್ಕ ಸಿಗದ ಹಂಗ ತಪ್ಪಿಸಿಕೊಂಡು, ಆಮ್ಯಾಲ ಬಂದು ಕೂಡ್ತದ. ಇಂಥಾದ್ದು ಈಗ ಯಾವ ಶೈಲಿಯೊಳಗೂ ಇಲ್ಲ." ಅವರ ಕಣ್ಣು ತುಂಬಿತ್ತು. ನನಗೂ ರೋಮಾಂಚನವಾಗಿತ್ತು, ಸುಳ್ಳು ಹೇಳುವುದಿಲ್ಲ.

ಅಲ್ಲಿಂದ ಮುಂದೆ ಭಾನುವಾರಗಳೆಲ್ಲ ಅಲ್ಲೇ. ಬಿಸಿಲು ತಗಡಿನ ಮೇಲೆ ಕಾದು, ಒಳಗೆ ಕೂರಲಾಗದೆ, ಎರಡು ಗುಡಿಸಲುಗಳ ನಡುವಿನ ನೆರಳಲ್ಲಿ ನಮ್ಮ ಕೆಲಸ. ಸರ್ ಒಂದು ವಿಡಿಯೋ ಕ್ಯಾಮರಾ ತಂದರು. ಹಿಡಿಯುವವಳು ನಾನು. ಅವರ ಅಪ್ಪಣೆ ಒಂದೇ, "ಸೊಂಟದ ಕೆಳಗ ಇರ್ಲಿ." ನಕ್ಷೆ ಬರೆಯುವವಳಿಗೆ ಇಂಥ ಅಪ್ಪಣೆ ಇಷ್ಟವೇ, ಬೇಡದ್ದು ಚೌಕಟ್ಟಿನಿಂದ ಹೊರಗೆ. ಹುಲಿಗೆವ್ವ ನನ್ನನ್ನು ಚುಡಾಯಿಸುತ್ತಿದ್ದಳು. "ಏನ್ ತಂಗಿ, ನನ್ನ ಮಾರಿ ಅಷ್ಟು ಕೆಟ್ಟೈತೇನು? ಬರೇ ಕಾಲಿನ ಫೋಟೋ ಹೊಡೀತಿ!" ನಾವು ಮೂವರೂ ನಗುತ್ತಿದ್ದೆವು. ಪ್ರತಿ ಸಲವೂ ಅವಳು ಚಹಾ ಕುಡಿದು ಹೋಗಿ ಎನ್ನುವಳು, ಪ್ರತಿ ಸಲವೂ ಸರ್‌ಗೆ ಬಸ್ಸಿನ ಅವಸರ.

ಮಳೆ ಹಿಡಿಯುವ ಹೊತ್ತಿಗೆ ಸರ್ ಪುಸ್ತಕದ ಕೊನೆಯ ಅಧ್ಯಾಯ ಬರೆದು ಮುಗಿಸಿದ್ದರು. ಒಂದು ಹಳೆಯ ಗುಡಿಯ ಕಂಬದ ಫೋಟೋ ಅವರಿಗೆ ಸಿಕ್ಕಿತ್ತು. ಅದರಲ್ಲಿ ನರ್ತಕಿಯೊಬ್ಬಳ ಬಲ ಮೊಣಕಾಲು ಬಾಗಿ ಮೈ ಪಕ್ಕಕ್ಕೆ ವಾಲಿದೆ. ನನ್ನ ಚಿತ್ರವನ್ನು ಅದರ ಪಕ್ಕದಲ್ಲಿಟ್ಟು ನೋಡಿದಾಗ ನನಗೂ ಎರಡೂ ಒಂದೇ ಎನಿಸಿತು. ಸರ್ ಅದಕ್ಕೆ ನತಜಾನು, ಬಾಗಿದ ಮೊಣಕಾಲು, ಎಂದು ಹೆಸರಿಟ್ಟರು. ಕಲ್ಲಿನಲ್ಲಿ ಕಂಡ ಹೆಜ್ಜೆ ಐದು ಶತಮಾನ ದಾಟಿ ಒಬ್ಬ ಮುದುಕಿಯ ಮೈಯಲ್ಲಿ ಉಳಿದು ಬಂದಿದೆ ಎಂದು ಪತ್ರಿಕೆಯಲ್ಲೂ ಬರೆದರು. ಊರಿನ ನೃತ್ಯದವರೆಲ್ಲ ಅದೇ ಮಾತಾಡಿದರು. ಅಮೀರ್‌ಪೇಟೆಯಲ್ಲಿ ದೊಡ್ಡ ನೃತ್ಯಶಾಲೆ ನಡೆಸುತ್ತಿದ್ದ ವಸುಂಧರಾ ಮೇಡಂ ಆ ಹೆಜ್ಜೆಯನ್ನು ನನ್ನ ಚಿತ್ರಗಳಿಂದ ಕಲಿತು ತಮ್ಮ ಹುಡುಗಿಯರಿಗೆ ಕಲಿಸಿದರು. ಮಾದಾಪುರದಲ್ಲಿ ಒಂದು ಕಂಪನಿಯ ಹೊಸ ಕಟ್ಟಡದ ಉದ್ಘಾಟನೆಗೆ 'ನಮ್ಮ ಪರಂಪರೆ' ಎಂದು ಏನಾದರೂ ಬೇಕಾಗಿತ್ತು. ಮೇಡಂ ಇದನ್ನೇ ಒಪ್ಪಿಸಿದರು. ಕೊನೆಗೆ ಹುಲಿಗೆವ್ವನೇ ವೇದಿಕೆಗೆ ಬಂದು ಮೂಲ ಹೆಜ್ಜೆ ತೋರಿಸುವುದು ಎಂದೂ ನಿಶ್ಚಯವಾಯಿತು.

ಆ ಸಂಜೆ ಜಿಟಿಜಿಟಿ ಮಳೆ. ಹೊರಗೆ ಕೆಂಪು ಕೆಸರು, ಒಳಗೆ ಹೆಜ್ಜೆಯಿಟ್ಟರೆ ಜಾರುವ ಬಿಳಿ ನೆಲ, ಹಲ್ಲು ಕಟಕಟ ಅನ್ನಿಸುವ ಏಸಿ. ಹುಲಿಗೆವ್ವ ಹೊಸ ಇಳಕಲ್ ಸೀರೆ ಉಟ್ಟು, ತಲೆ ತುಂಬ ಹೂ ಮುಡಿದು, ಮಲ್ಲಪ್ಪನ ತೋಳು ಹಿಡಿದು ಬಂದಳು. ಸರ್ ಯಥಾಪ್ರಕಾರ ಮೂರನೇ ಸಾಲಿನ ತುದಿಯಲ್ಲಿ ಕೂತರು, ಪಕ್ಕದಲ್ಲಿ ನಾನು. ಹುಡುಗಿಯರು ಸಾಲಾಗಿ ಬಂದು, ಒಟ್ಟಿಗೆ ತಿರುಗಿ, ಒಟ್ಟಿಗೆ ವಾಲಿ, ಒಟ್ಟಿಗೆ ಕಾಲೆಳೆದರು. ಧಪ್ಪೆಂದು ಸಭಾಂಗಣವೇ ಗುಡುಗಿದಂತಾಯಿತು. ಚಪ್ಪಾಳೆಯೋ ಚಪ್ಪಾಳೆ. ಸರ್ ನನ್ನ ಕಡೆ ನೋಡಿ ಹುಬ್ಬು ಹಾರಿಸಿದರು.

ಆಮೇಲೆ ಹುಲಿಗೆವ್ವನನ್ನು ಕರೆದರು. ಸರ್ ಅಭ್ಯಾಸಬಲದಿಂದ ಆಮಂತ್ರಣ ಪತ್ರಿಕೆ ಮಡಚಿ ಕಣ್ಣಿನೆದುರು ಹಿಡಿದರು. ಆದರೆ ಅವತ್ತು ವೇದಿಕೆಯ ಮೇಲೆ, ಆ ಪತ್ರಿಕೆ ಮರೆಮಾಡಲಾಗದಷ್ಟು ಎತ್ತರದಲ್ಲಿ, ಗೋಡೆಯಷ್ಟು ದೊಡ್ಡ ಪರದೆ ತೂಗುಹಾಕಿದ್ದರು. ಕಂಪನಿಯ ಕ್ಯಾಮರಾದವನಿಗೆ ಸೊಂಟದ ಕೆಳಗೆ ಮಾತ್ರ ಹಿಡಿ ಎಂದು ಯಾರೂ ಹೇಳಿರಲಿಲ್ಲ. ಎಲ್ಲ ಕ್ಯಾಮರಾದವರಂತೆ ಅವನೂ ಮುಖ ಹಿಡಿದ.

ಹುಲಿಗೆವ್ವ ಒಂದು ಸುತ್ತು ತಿರುಗಿದಳು. ಬಲಗಾಲು ಊರಿದಳು. ಪರದೆಯ ಮೇಲೆ ಅವಳ ಮುಖ ಗಕ್ಕನೆ ಹಿಂಡಿಕೊಂಡಿತು. ಕಣ್ಣು ಮುಚ್ಚಿತು. ಕೆಳತುಟಿಯನ್ನು ಹಲ್ಲಿನಲ್ಲಿ ಕಚ್ಚಿದಳು, ಕತ್ತಿನ ನರ ಉಬ್ಬಿ ನಿಂತಿತು. ಅಷ್ಟು ಹೊತ್ತು ತಾಳ ಕಾಯಿತು. ಎಡಗಾಲು ಬಂದು ನೆಲ ಮುಟ್ಟಿದ ಮೇಲೆ ಕಣ್ಣು ತೆರೆದಳು, ನೀರು ಕೆನ್ನೆಗಿಳಿಯಿತು. ಅವಳು ಅದನ್ನು ಮರೆಮಾಡಲು ನಕ್ಕಳು.

ಎಷ್ಟು ಭಾನುವಾರ, ಎಷ್ಟು ಸಲ ಆ ಹೆಜ್ಜೆಯನ್ನು ನೋಡಿದ್ದೆ, ಬರೆದಿದ್ದೆ, ಹಿಡಿದಿದ್ದೆ! ಆ ಹೆಜ್ಜೆಯ ಹೊತ್ತಿಗೆ ಮುಖದಲ್ಲಿ ಏನಾಗುತ್ತದೆಂದು ಒಂದು ಸಲವೂ ನೋಡಿರಲಿಲ್ಲ. ಪಕ್ಕಕ್ಕೆ ತಿರುಗಿದರೆ ಸರ್ ಕೈಯಲ್ಲಿದ್ದ ಪತ್ರಿಕೆ ಕೆಳಗೆ ಬಿದ್ದಿತ್ತು. ಬಾಯಿ ತೆರೆದುಕೊಂಡು ಪರದೆಯನ್ನೇ ನೋಡುತ್ತಿದ್ದರು.

"ಕ್ಯಾ ಎಕ್ಸ್‌ಪ್ರೆಷನ್ ಹೈ!" ಎಂದ ಮುಂದಿನ ಸಾಲಿನವನು. ಜನ ಎದ್ದು ನಿಂತು ಚಪ್ಪಾಳೆ ತಟ್ಟಿದರು. ಒನ್ಸ್ ಮೋರ್ ಎಂದು ಕೂಗಿದರು. ಮೇಡಂ ಮೈಕಿನಲ್ಲಿ, "ಅಮ್ಮಾ, ಇಂಕೋಸಾರಿ," ಎಂದು ತೆಲುಗಿನಲ್ಲಿ ಇನ್ನೊಮ್ಮೆ ಮಾಡಲು ಕೇಳಿದರು. ಹುಲಿಗೆವ್ವ ಮತ್ತೆ ತಿರುಗಿದಳು. "ಸಾಕು! ನಿಲ್ಲಸ್ರಿ!" ಎಂದು ಸರ್ ಎದ್ದು ಕೂಗಿದರು. ಆ ಗದ್ದಲದಲ್ಲಿ ಅದೂ ಒಂದು ಶಹಬ್ಬಾಸಿನಂತೆಯೇ ಕೇಳಿಸಿತು. ಪರದೆಯ ಮೇಲೆ ಆ ಮುಖ ಇನ್ನೊಮ್ಮೆ ಹಿಂಡಿಕೊಂಡಿತು.

ಗ್ರೀನ್‌ರೂಮಿನಲ್ಲಿ ಅವಳು ಪ್ಲಾಸ್ಟಿಕ್ ಕುರ್ಚಿಯ ಮೇಲೆ ಕೂತಿದ್ದಳು. ಸರ್ ಅವಳ ಎದುರು ನೆಲದ ಮೇಲೆಯೇ ಕೂತರು. ಯಾರ ಎದುರೂ ಹಾಗೆ ಕೂತವರಲ್ಲ.

"ಹುಲಿಗೆವ್ವಾ, ನಿಮ್ಮ ಕಾಲಿಗೆ ಏನಾಗೇದ?"

ಅವಳು ನನ್ನ ಕಡೆ ನೋಡಿ, ಸೀರೆ ಸರಿಸಿದಳು. ಬಲ ಮೊಣಕಾಲಿಗೆ ಬಟ್ಟೆ ಬಿಗಿದು ಕಟ್ಟಿತ್ತು. ಮೇಲೂ ಕೆಳಗೂ ಬಾತು ನೀಲಿಗಟ್ಟಿತ್ತು.

"ಬಿದ್ದಿದ್ನಿರಿ. ಆತು ಎರಡು ವರ್ಷ. ಗ್ವಾಡಿಗೆ ನೀರು ಹೊಡಿಯಾಕ ಹೋಗ್ತಿದ್ದೆ ನಾನೂ. ಪಾವಟಿಗಿ ಇಳಿಯೂಮುಂದ ಕಾಲು ಜಾರಿತು, ಹಿಡಕೊಳ್ಳಾಕ ಕಟಕಟಿ ಇದ್ದಿದ್ದಿಲ್ಲ. ಇಲ್ಲೇ ಯಾವುದೋ ಬಿಲ್ಡಿಂಗು. ಈಗ ಎಲ್ಲಾ ಒಂದಾ ನಮೂನಿ ಕಾಣ್ತಾವು, ಯಾವುದು ಅಂತ ಗುರ್ತು ಹತ್ತೂದಿಲ್ಲ."

ಎರಡು ವರ್ಷ! ಸರ್ ನನ್ನ ಮುಖ ನೋಡಿದರು, ನಾನು ಅವರ ಮುಖ ನೋಡಿದೆ. ಕಂಬದ ಫೋಟೋ, ಐದು ಶತಮಾನ, ಸಂಸ್ಕೃತದ ಹೆಸರು, ಹುಡುಗಿಯರ ಸಾಲು ಎಲ್ಲವೂ ಒಟ್ಟಿಗೆ ನನ್ನ ತಲೆಯೊಳಗೆ ಬಂದು ನಿಂತವು.

"ಅಯ್ಯೋ, ಮತ್ತ ಮೊದಲನೇ ದಿನಾನ ಯಾಕ ಹೇಳಲಿಲ್ಲ ನನಗ?" ಎಂದರು ಸರ್.

"ಕಾಲು ಸೋತಾಗ ಅಂಜಿದ್ದೆರಿ, ಬೈತೀರಿ ಅಂತ. ನೀವು ಆಹಾ ಅಂದ್ರಿ. ಇನ್ನೊಮ್ಮೆ ಅಂದ್ರಿ. ಓದಿದವರು, ನಿಮಗೇನೋ ಬೇಕಾಗೈತಿ ಅಂದಕೊಂಡೆ. ಮತ್ತ..." ಎಂದು ನಿಲ್ಲಿಸಿ ಸೆರಗು ಸರಿ ಮಾಡಿಕೊಂಡಳು. "ವಾಡೇ ಬಿಟ್ಟಮ್ಯಾಲ ನನಗ ಯಾರೂ ಆಹಾ ಅಂದಿದ್ದಿಲ್ರಿ ಸಾಹೇಬ್ರ. ಬ್ಯಾನಿ ಆದ್ರೂ ಖುಷಿ ಆಗತಿತ್ತು."

ಸರ್ ತಲೆಯ ಮೇಲೆ ಕೈ ಹೊತ್ತು ಕೂತರು. ಆದರೂ, ಚರಿತ್ರೆಯವರಲ್ಲವೇ, ಕೊನೆಯ ಪ್ರಶ್ನೆ ಕೇಳಿದರು. "ಹಂಗಾದ್ರ ಸಣ್ಣಾಕಿದ್ದಾಗ, ವಾಡೇದೊಳಗ, ಆ ಜಾಗಾದಾಗ ಯಾವ ಹೆಜ್ಜಿ ಇಡ್ತಿದ್ರಿ?"

ಹುಲಿಗೆವ್ವ ಆಶ್ಚರ್ಯದಿಂದ ಅವರನ್ನು ನೋಡಿದಳು.

"ಹೆಜ್ಜಿ ಎಲ್ಲೀದ್ರಿ? ಕುಂತು ಮಾಡೂದು ಅದು."

"ಏನಂದ್ರಿ?"

"ಕುಂತು ಮಾಡೂ ಪದಾರಿ. ನೀವ ಮೊದಲ ದಿನ ನಿಂತು ಮಾಡು ಅಂದ್ರಿ, ಅದಕ್ಕ ಎದ್ದೆ. ಪದಾನ ಹೇಳತೈತಲ್ರಿ, ಯಾಕ ನಿಂತೀಯೋ ಹೊಸ್ತಿಲದಾಗ ಅಂತ. ನಿಂತಾಂವ ಅಂವ. ಆಕಿ ಒಳಗ ಕುಂತಿರತಾಳ."

ಬೇಸಗೆ ಪೂರ್ತಿ ಆ ಸಾಲು ಕೇಳಿದ್ದೆವು. ಸರ್ ಅದನ್ನು ಬರೆದುಕೊಂಡಿದ್ದರು, ಇಂಗ್ಲಿಷಿಗೆ ಅನುವಾದಿಸಿದ್ದರು. ಕಾಲನ್ನೇ ನೋಡುವ ಭರದಲ್ಲಿ ಪದ ಹೇಳುತ್ತಿದ್ದುದು ಇಬ್ಬರ ಕಿವಿಗೂ ಹೋಗಿರಲಿಲ್ಲ. ಮೊದಲ ದಿನ ಮೊರ ಪಕ್ಕಕ್ಕಿಟ್ಟು ಅವಳು ಕೈ ಎತ್ತಿದಳಲ್ಲ, ಅದೇ ಆ ಕುಣಿತ. ಅದನ್ನೇ ತಡೆದಿದ್ದೆವು.

"ಈಗ ಮಾಡ್ತೀರೇನು?" ಎಂದರು ಸರ್, ಮಗು ಕೇಳಿದಂತೆ.

ಅವಳು ಆ ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತೇ ಮಾಡಿದಳು. ಸರ್ ಈ ಸಲ ಅವಳ ಮುಖ ನೋಡಿದರು. ಕ್ಯಾಮರಾ ಇರಲಿಲ್ಲ, ಪೆನ್ಸಿಲ್ ಇರಲಿಲ್ಲ. ಯಾಕ ನಿಂತೀಯೋ ಹೊಸ್ತಿಲದಾಗ ಎಂಬ ಆ ಒಂದೇ ಸಾಲು, ಮತ್ತೆ ಮತ್ತೆ. ಒಮ್ಮೆ ಹುಬ್ಬು ಗಂಟಿಕ್ಕಿ, ಬೆರಳಿಂದ ಹೋಗು ಎಂದಳು. ಒಮ್ಮೆ ಬೇರೆ ಕಡೆ ಮುಖ ಮಾಡಿ, ಕಣ್ಣಂಚಿನಲ್ಲಿ ಹೋದನೋ ಇಲ್ಲವೋ ನೋಡಿದಳು. ಒಮ್ಮೆ ಪಕ್ಕದಲ್ಲಿ ಜಾಗ ಮಾಡಿ, ಇಲ್ಲದ ಚಾಪೆಯ ಧೂಳು ಕೈಯಲ್ಲಿ ಒರೆಸಿ, ಮರುಗಳಿಗೆ ಆ ಜಾಗದ ಮೇಲೆ ಸೆರಗು ಹರವಿ ಮುಚ್ಚಿಬಿಟ್ಟಳು. ಕೊನೆಗೆ ಏನೂ ಮಾಡದೆ, ಅಂಗೈ ಎರಡನ್ನೂ ಮಡಿಲಲ್ಲಿಟ್ಟು, ಬಾಗಿಲ ಕಡೆಗೆ ಸುಮ್ಮನೆ ನೋಡಿದಳು. ಆ ನೋಟಕ್ಕೆ ನಾನು ತಿರುಗಿ ಬಾಗಿಲು ನೋಡಿದೆ. ಅಲ್ಲಿ ಯಾರೂ ಇರಲಿಲ್ಲ. ಸರ್ ಕೂಡ ತಿರುಗಿದ್ದರು.

ಅಷ್ಟರಲ್ಲಿ ಮಲ್ಲಪ್ಪ ಬಂದು, ಊಟ ಮುಗೀತು, ನಡಿ ಅತ್ತಿ ಎಂದು ಅವಳನ್ನು ಎಬ್ಬಿಸಿದ. "ಮುಂದಿನ ಐತವಾರ ಬರ್ತೀನಿ," ಎಂದರು ಸರ್. "ಹಿಂಗ, ಕೂತು ಮಾಡ್ರಿ. ಪೂರಾ ಪದಾ."

"ಬರ್ರಿ. ಈ ಸಲಾ ಆದ್ರೂ ಚಾ ಕುಡದ ಹೋಗಬೇಕು ನೋಡ್ರಿ."

ಆ ಶುಕ್ರವಾರ ಸರ್ ತಮ್ಮ ಅಂಕಣದಲ್ಲಿ ತಮ್ಮದೇ ಕೆಲಸವನ್ನು ವಿಮರ್ಶೆ ಮಾಡಿದರು. ಯಾವ ನರ್ತಕಿಗೂ ಅಷ್ಟು ಕಟುವಾಗಿ ಬರೆದಿರಲಿಲ್ಲ. ಇಂಥ ಹೆಜ್ಜೆ ಎಂದೂ ಇರಲಿಲ್ಲ, ನೋವನ್ನು ನಾನು ಶೈಲಿ ಎಂದು ಓದಿದೆ, ಪದವನ್ನು ಕೂತೇ ಅಭಿನಯಿಸುತ್ತಿದ್ದರು ಎಂದು ನೇರವಾಗಿ ಬರೆದರು. ಅದು ಒಂದು ಕಂಪ್ಯೂಟರ್ ಕೋರ್ಸಿನ ದೊಡ್ಡ ಜಾಹೀರಾತಿನ ಕೆಳಗೆ ಅಚ್ಚಾಯಿತು. ನನಗೆ ತಿಳಿದಂತೆ ಅದನ್ನು ಓದಿ ಫೋನ್ ಮಾಡಿದವರು ವಸುಂಧರಾ ಮೇಡಂ ಒಬ್ಬರೇ. "ಪರವಾಗಿಲ್ಲ ಸರ್, ನೋಡೋದಕ್ಕೆ ಚೆನ್ನಾಗಿದೆಯಲ್ಲ. ಇನ್ನೂ ಎರಡು ಕಂಪನಿಯವರು ಕೇಳಿದ್ದಾರೆ," ಎಂದರಂತೆ. ಫೋನಿಟ್ಟ ಮೇಲೆ ಸರ್ ಆ ಮಾತನ್ನು ನನಗೆ ಹೇಳಿ, ತಾವೂ ನಂಬಲಾಗದವರಂತೆ ಇನ್ನೊಮ್ಮೆ ಹೇಳಿದರು.

ಭಾನುವಾರ ಮಳೆ ಬಿಟ್ಟಿತ್ತು. ಸರ್ ಅಪರೂಪಕ್ಕೆ ಆಟೋ ಮಾಡಿದರು. ಕಡ್ಲೆಬೇಳೆ ಹೋಳಿಗೆ ಕಟ್ಟಿಸಿಕೊಂಡಿದ್ದರು. "ಮುಖಾ ಪೂರಾ ಬರಬೇಕು, ಕೈ ಬರಬೇಕು," ಎಂದು ದಾರಿಯುದ್ದಕ್ಕೂ ನನಗೆ ಹೇಳುತ್ತ ಬಂದರು. ಕಂಪನಿಯ ಕಟ್ಟಡ ದಾಟಿ ಹಿಂದಕ್ಕೆ ತಿರುಗಿದಾಗ ಆಟೋದವನು ಗಕ್ಕನೆ ಬ್ರೇಕ್ ಹಾಕಿದ.

ಮುಂದೆ ಹಳ್ಳವಿತ್ತು. ಗುಡಿಸಲು ಇರಲಿಲ್ಲ, ನಾವು ಕೂರುತ್ತಿದ್ದ ನೆರಳು ಇರಲಿಲ್ಲ, ನೆಲವೇ ಇರಲಿಲ್ಲ. ಮುಂದಿನ ಕಟ್ಟಡಕ್ಕೆ ಪಾಯ ತೋಡಿದ್ದರು, ತಳದಲ್ಲಿ ಕೆಂಪು ನೀರು ನಿಂತಿತ್ತು. ನಾನು ಜಾಗ ತಪ್ಪಿತೆಂದುಕೊಂಡೆ. ತಪ್ಪಿರಲಿಲ್ಲ, ಹಳ್ಳದ ಅಂಚಿನಲ್ಲಿ ಅವರ ಒಲೆಯ ಕಲ್ಲೊಂದು ಮಸಿಯೊಂದಿಗೆ ಹಾಗೇ ಇತ್ತು.

"ಕಾಮ್ ಖತಂ ಹೋ ಗಯಾ ನಾ ಸಾಬ್," ಎಂದ ವಾಚ್‌ಮನ್. "ಠೇಕೇದಾರ್ ಸಬ್ ಕೋ ಲಾರೀ ಮೇ ಲೇಕೆ ಗಯಾ. ಪೂನಾ ಬೋಲ್ತೆ, ಬೆಂಗಳೂರ್ ಬೋಲ್ತೆ. ಮೇರೇಕು ನಕ್ಕೋ ಪೂಛೋ." ಕೆಲಸ ಮುಗಿದಿತ್ತು, ಗುತ್ತಿಗೆದಾರ ಎಲ್ಲರನ್ನೂ ಲಾರಿಯಲ್ಲಿ ಒಯ್ದಿದ್ದ, ಪುಣೆಗೋ ಬೆಂಗಳೂರಿಗೋ ಅವನಿಗೂ ತಿಳಿಯದು.

ಸರ್ ಒಲೆಯ ಕಲ್ಲಿನ ಪಕ್ಕ ಕೂತರು. ಹೋಳಿಗೆಯ ಗಂಟು ಮಡಿಲಲ್ಲೇ ಇತ್ತು. "ಚಾ ಕುಡದ ಹೋಗ್ರಿ ಅಂದಿದ್ಲವಾ ಆಕಿ," ಎಂದರು. ಆಮೇಲೆ ಅತ್ತರು. ನಾನು ಅವರ ಪಕ್ಕದಲ್ಲೇ ಕೂತೆ.

ಹುಡುಕಿದೆವು. ನಾಚಾರಂನಲ್ಲಿ ಬೆಳಗ್ಗೆ ಕೂಲಿಯವರು ಸೇರುವ ಕೂಡುರಸ್ತೆಯಲ್ಲಿ ನಿಂತು ರಾಯಚೂರು ಕಡೆಯವರನ್ನೆಲ್ಲ ಕೇಳಿದೆವು. ಸರ್ ಅವಳ ಊರಿಗೇ ಹೋಗಿ ಬಂದರು. ಕೊನೆಗೆ ಊರಿನವನೊಬ್ಬನಿಂದ ಸುದ್ದಿ ಬಂತು. ದೀಪಾವಳಿಗೆ ಮುಂಚೆಯೇ ಪುಣೆಯ ಕಟ್ಟಡದ ಶೆಡ್ಡಿನಲ್ಲಿ ಜ್ವರ ಬಂದು ಹುಲಿಗೆವ್ವ ತೀರಿಕೊಂಡಿದ್ದಳು. ಕಂಪನಿಯವರ ಹತ್ತಿರ ಅವತ್ತಿನ ರೆಕಾರ್ಡಿಂಗ್ ಕೇಳಿದರೆ, ಆ ಟೇಪಿನ ಮೇಲೆ ಬೇರೆ ಕಾರ್ಯಕ್ರಮ ತುಂಬಿಸಿದ್ದೇವೆ ಎಂದರು. ಸರ್ ಕೊನೆಯ ಅಧ್ಯಾಯ ಹರಿದುಹಾಕಿದರು. ಹೊಸದನ್ನು ಬರೆಯಲು ಕೂತು ಕೂತು ಎದ್ದರು, ಪುಸ್ತಕ ಬರಲೇ ಇಲ್ಲ. ವಿಮರ್ಶೆ ಬಿಡಲಿಲ್ಲ, ಆದರೆ ಆಮಂತ್ರಣ ಪತ್ರಿಕೆಯನ್ನು ಕಣ್ಣಿಗೆ ಅಡ್ಡ ಹಿಡಿಯುವುದು ಅವತ್ತಿಗೇ ನಿಂತಿತು. ಅವರು ಹೋಗಿಯೂ ಬಹಳ ವರ್ಷವಾಯಿತು. ಕ್ಯಾಸೆಟ್ಟುಗಳು ನನ್ನ ಅಲಮಾರಿಯಲ್ಲಿವೆ. ಅವುಗಳಲ್ಲಿರುವುದೆಲ್ಲ ಸ್ವಚ್ಛವಾದ, ಸ್ಪಷ್ಟವಾದ, ಸೊಂಟದ ಕೆಳಗಿನ ಹುಲಿಗೆವ್ವ. ಕೂತು ಮಾಡಿದ ಪದವನ್ನು ಕಂಡವರಲ್ಲಿ ಈಗ ಉಳಿದಿರುವುದು ನಾನೊಬ್ಬಳೇ.

ಇಷ್ಟನ್ನೂ ಆ ಹುಡುಗಿಗೆ ಹೇಳುವುದು ಹೇಗೆ? ಶ್ರೀನಿಧಿ ಇನ್ನೂ ನನ್ನನ್ನೇ ನೋಡುತ್ತ ನಿಂತಿದ್ದಳು. "ತಪ್ಪಾತೇನ್ ಆಂಟಿ?" ಎಂದಳು, ಹೆದರಿ.

"ನಿಂದೇನೂ ತಪ್ಪಿಲ್ಲ. ಬಾ, ಇಲ್ಲಿ ಕೂಡು," ಎಂದು ನಾನು ನೆಲದ ಮೇಲೆ ಕೂತೆ. ಕೂರುವಾಗ ನನ್ನ ಮೊಣಕಾಲೂ ಲಟಕ್ಕೆಂದಿತು.

"ಡ್ಯಾನ್ಸ್ ಕೂತು ಮಾಡ್ತಾರೇನ್ರಿ?" ಎಂದು ಅವಳು ನಕ್ಕಳು.

"ಇದನ್ನ ಕೂತೇ ಮಾಡ್ತಾರ. ಹುಲಿಗೆವ್ವ ಅಂತ ಇದ್ಲು, ಆಕಿದು ಇದು. ಕಾಲು ನೋಡಬ್ಯಾಡ, ನನ್ನ ಮುಖಾ ನೋಡು."

ಇಷ್ಟು ವರ್ಷ ಯಾರೆದುರೂ ಮಾಡಿರಲಿಲ್ಲ. ಹಾಡತೊಡಗಿದೆ. ಯಾಕ ನಿಂತೀಯೋ ಹೊಸ್ತಿಲದಾಗ. ಹುಬ್ಬು ಗಂಟಿಕ್ಕಿದೆ. ಕಣ್ಣಂಚಿನಲ್ಲಿ ನೋಡಿದೆ. ಚಾಪೆಯ ಧೂಳು ಒರೆಸಿ, ಜಾಗ ಮಾಡಿ, ಅದರ ಮೇಲೆ ಸೆರಗು ಹರವಿದೆ. ಹುಡುಗಿಯ ನಗು ಎಲ್ಲೋ ನಡುವೆ ನಿಂತಿತ್ತು. ಕೊನೆಗೆ ಅಂಗೈಗಳನ್ನು ಮಡಿಲಲ್ಲಿಟ್ಟು ಬಾಗಿಲ ಕಡೆಗೆ ನೋಡಿದೆ, ಅವಳು ನೋಡಿದ ಹಾಗೆಯೇ.

ಶ್ರೀನಿಧಿ ಥಟ್ಟನೆ ಹಿಂದಕ್ಕೆ ತಿರುಗಿದಳು.

"ಆಂಟಿ," ಎಂದಳು ಮೆಲ್ಲಗೆ, "ಅಲ್ಲಿ ಯಾರು ನಿಂತಾರ?"